ಮರೆಯಲ್ಲಿ ನಿಂತ ಸಂಕಲನಕಾರ

ಚನ್ನರಾಯಪಟ್ಟಣ ತಾಲ್ಲೂಕಿನ ನುಗ್ಗೇಹಳ್ಳಿಯಲ್ಲಿ 1246ರಲ್ಲಿ ನಿರ್ಮಾಣವಾದ ಲಕ್ಷ್ಮೀನರಸಿಂಹ ದೇವಾಲಯದ ಶಿಲ್ಪಗಳಲ್ಲಿ ಬೈಚೋಜ, ಮಲ್ಲಿತಮ್ಮ ಎಂಬ ರೂವಾರಿಗಳ ಹೆಸರುಗಳು ಕಾಣಸಿಗುತ್ತವೆ. ಆ ಭಾಗ್ಯ ಎಲ್ಲ ಕಲಾವಿದರಿಗೂ ಇರುವುದಿಲ್ಲ. ಸಾಕ್ಷ್ಯಚಿತ್ರದ ಸಂಕಲನಕಾರನು ಅದರಿಂದ ವಂಚಿತನಾದವನು. ಚಿತ್ರೀಕರಿಸಿ ತಂದ ಗಂಟೆಗಟ್ಟಲೆ ದೃಶ್ಯಗಳನ್ನು ತಾಳ್ಮೆಯಿಂದ ನೋಡಿ, ಸಲ್ಲದುದನ್ನು ಬಿಟ್ಟು, ಸಲ್ಲುವುದಕ್ಕೆ ಕ್ರಮವನ್ನು ಕಲ್ಪಿಸುವವನು ಅವನು. ಕೆಲಸವು ಸೊಗಸಾದಷ್ಟೂ ಅವನ ಕೈ ಕಾಣದು.

ಸ್ಕಾಟ್ಲೆಂಡಿನ ಸ್ಟುವರ್ಟ್ ಮೆಕ್‌ಆಲಿಸ್ಟರನ (1914–1962) ಬಾಳು ಇದಕ್ಕೆ ನಿದರ್ಶನ. ಗ್ಲಾಸ್ಗೋದಲ್ಲಿ ಚಿತ್ರಕಲೆಯನ್ನು ಕಲಿತ ಆತ ಬ್ರಿಟಿಷ್ ಅಂಚೆ ಇಲಾಖೆಯ ಚಲನಚಿತ್ರ ವಿಭಾಗವನ್ನು ಸೇರಿದ. 1942ರ ‘ಲಿಸನ್ ಟು ಬ್ರಿಟನ್’ ಚಿತ್ರದಲ್ಲಿ ಕಾರ್ಖಾನೆಯ ಊಟದ ಮನೆಯಲ್ಲಿ ಕಾರ್ಮಿಕರು ಕೇಳುವ ಹಾಡು ಮುಗಿಯುವಲ್ಲಿಯೇ, ರಾಣಿಯೂ ಕುಳಿತು ಆಲಿಸುವ ಮೊಜಾರ್ಟನ ಸಂಗೀತವು ಆರಂಭವಾಗುತ್ತದೆ. ವ್ಯಾಖ್ಯಾನದ ಒಂದು ಮಾತೂ ಇಲ್ಲದೆ ದುಡಿಯುವವರನ್ನೂ ಅರಸಿಯನ್ನೂ ಒಂದೇ ಪಂಕ್ತಿಯಲ್ಲಿ ಕೂರಿಸುವುದು ಆ ಜೋಡಣೆಯೇ. ಆ ಚಿತ್ರದಲ್ಲಿ ನಿರ್ದೇಶಕ ಹಂಫ್ರಿ ಜೆನಿಂಗ್ಸನ ಜೊತೆಗೆ ಅವನ ಹೆಸರೂ ಸಮವಾಗಿ ಬಂದಿತು. ಅಂತಹ ಮನ್ನಣೆ ಅಪರೂಪ. ಡೈ ವಾನ್ ಎಂಬ ಮತ್ತೊಬ್ಬ ಸಂಕಲನಕಾರನು ಅವನ ವೃತ್ತಿಜೀವನವನ್ನು ಕುರಿತ ಗ್ರಂಥವನ್ನು ಪ್ರಕಟಿಸಿದ್ದು 1983ರಲ್ಲಿ, ಅವನು ಗತಿಸಿ ಇಪ್ಪತ್ತೊಂದು ವರ್ಷಗಳಾದ ಮೇಲೆ.

ಈ ವಿದ್ಯೆಯ ಮರ್ಮ ಕನ್ನಡಕ್ಕೆ ಹೊಸತೇನಲ್ಲ. ಹನ್ನೆರಡನೆಯ ಶತಮಾನದ ಶರಣರು ಬೇರೆ ಬೇರೆ ಸಂದರ್ಭಗಳಲ್ಲಿ ನುಡಿದ ವಚನಗಳನ್ನು ಆಯ್ದು, ಅಲ್ಲಮಪ್ರಭುವನ್ನು ನಡುವೆ ನಿಲ್ಲಿಸಿ, ಮಹಾಸಂವಾದವಾಗಿ ಹೊಂದಿಸಿದವನು ಶಿವಗಣಪ್ರಸಾದಿ ಮಹಾದೇವಯ್ಯ. ವಚನಗಳು ಶರಣರವು, ಅವು ಒಂದಕ್ಕೊಂದು ಉತ್ತರವಾಗುವಂತೆ ಮಾಡಿದ ಕ್ರಮ ಅವನದು. ಆ ಕೃತಿಗೆ ‘ಶೂನ್ಯಸಂಪಾದನೆ’ ಎಂಬ ಹೆಸರು ನಿಂತಿತು. ಅನಂತರ ಬಂದ ಮೂವರು ಅದನ್ನು ಪರಿಷ್ಕರಿಸಿದರು.

ಕ್ರಮವನ್ನು ಕಲ್ಪಿಸುವವನಿಗೆ ಅರ್ಥವನ್ನು ಕೆಡಿಸುವ ಶಕ್ತಿಯೂ ಇದೆ. ಗೊರೂರಿನ ಬಳಿ ಹೇಮಾವತಿಗೆ ಕಟ್ಟಿದ ಅಣೆಕಟ್ಟು 1979ರಲ್ಲಿ ಪೂರ್ಣವಾಯಿತು. ಅದರ ಹಿನ್ನೀರಿನಲ್ಲಿ ಶೆಟ್ಟಿಹಳ್ಳಿಯ ಹಳೆಯ ಇಗರ್ಜಿ ಮಳೆಗಾಲದಲ್ಲಿ ಮುಳುಗಿ ಬೇಸಗೆಯಲ್ಲಿ ಮೇಲೇಳುತ್ತದೆ. ನೆಲವನ್ನು ಕಳೆದುಕೊಂಡ ವೃದ್ಧರೊಬ್ಬರು, ನೀರು ಬಂದುದು ಒಳ್ಳೆಯದಾಯಿತೇ ಎಂಬ ಪ್ರಶ್ನೆಗೆ ಬಹಳ ಹೊತ್ತು ಸುಮ್ಮನಿದ್ದು, ಕೊನೆಗೆ ‘ಆಯಿತು’ ಎಂದರೆನ್ನೋಣ. ಆ ಮೌನವನ್ನು ಕತ್ತರಿಸಿದರೆ ಅವರು ಸಂತೋಷದಿಂದ ಒಪ್ಪಿದಂತೆ ಕಾಣುವರು. ಒಂದು ಅಕ್ಷರವೂ ಬದಲಾಗದೆ ಸುಳ್ಳು ಹುಟ್ಟುತ್ತದೆ. ಹೆಸರಿಲ್ಲದ ಸಂಕಲನಕಾರನಿಗೆ ಹೊಣೆ ಇಲ್ಲವೆನ್ನಲಾಗದು. ನೋಡುವವರು ಕೇಳಲಾರದುದನ್ನು ಅವನೊಬ್ಬನೇ ಕೇಳಿರುತ್ತಾನೆ.

ಇಂದು ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣಗಳ ಮಕ್ಕಳ ಕೈಗೂ ಮೊಬೈಲು ಬಂದಿದೆ. ದೃಶ್ಯವನ್ನು ಹಿಡಿಯುವುದೂ ಕತ್ತರಿಸುವುದೂ ಅದರಲ್ಲಿಯೇ ಸಾಧ್ಯವಾಗಿದೆ. ಉಪಕರಣವು ಸುಲಭವಾಯಿತು, ವಿವೇಕವಾಗಲಿಲ್ಲ. ಪರರ ಮಾತನ್ನು ಸಂಕ್ಷೇಪಿಸುವಾಗ ಅದರ ಅಭಿಪ್ರಾಯಕ್ಕೆ ಊನ ಬಾರದಂತೆ ಕಾಯುವುದನ್ನು ಕನ್ನಡದ ತರಗತಿಯಲ್ಲಿ ಸಾರಾಂಶಲೇಖನದ ಮೂಲಕ ಅಧ್ಯಾಪಕರು ಬಹುಕಾಲದಿಂದ ಕಲಿಸುತ್ತ ಬಂದಿದ್ದಾರೆ. ಅದನ್ನು ಶ್ರದ್ಧೆಯಿಂದ ಕಲಿತ ವಿದ್ಯಾರ್ಥಿಯು ಸಂಕಲನದ ಮೇಜಿನ ಮುಂದೆ ಕುಳಿತರೂ ಆ ವೃದ್ಧರ ಮೌನವನ್ನು ಉಳಿಸಿಕೊಡುವನು.