ಜಂತಿಯ ಸಂದಿನ ಕಣಜದ ಗೂಡು

ಮೇಲ್ಮುದ್ದೆಯ ಹಳೆಯ ಮನೆಗಳೂ ತಗಡು ಹೊದಿಸಿದ ಮಗ್ಗದ ಮನೆಗಳೂ ಅಕ್ಕಪಕ್ಕದಲ್ಲಿಯೇ ಇರುವ ರಾಮದುರ್ಗದಂಥ ಊರಿನಲ್ಲಿ ಕಣಜಕ್ಕೆ ನೆಲೆಯ ಕೊರತೆಯಿಲ್ಲ. ಜಂತಿಯ ಸಂದು, ಕಿಟಕಿಯ ಚೌಕಟ್ಟು, ದನದ ಕೊಟ್ಟಿಗೆಯ ಮೂಲೆ, ಕರೆಂಟಿನ ಮೀಟರ್ ಪೆಟ್ಟಿಗೆ, ಇವೆಲ್ಲ ಮಳೆ ತಾಗದ, ಮನುಷ್ಯರ ಕೈ ಅಪರೂಪಕ್ಕೆ ಹೋಗುವ ಜಾಗಗಳು. ಆದರೆ ಎಲ್ಲ ಗೂಡುಗಳ ಅಪಾಯವೂ ಒಂದೇ ಬಗೆಯದಲ್ಲ. ಗೋಡೆಗೆ ಹಸಿಮಣ್ಣು ಮೆತ್ತಿ ಗೂಡು ಕಟ್ಟುವ ಕುಂಬಾರ ಹುಳು ಒಂಟಿಯಾಗಿ ಬಾಳುವ ಕಣಜ. ಅದು ಬೆಳೆ ತಿನ್ನುವ ಕೀಡೆಗಳನ್ನು ಕುಟುಕಿ, ಚಲನೆಯಿಲ್ಲದಂತೆ ಮಾಡಿ, ಮರಿಗೆ ಆಹಾರವಾಗಿ ಗೂಡಿನೊಳಗಿಟ್ಟು ಬಾಯಿ ಮುಚ್ಚಿ ಹೊರಟುಹೋಗುತ್ತದೆಯೇ ಹೊರತು ಗುಂಪುಗೂಡಿ ಕಾವಲು ನಿಲ್ಲುವುದಿಲ್ಲ. ಅಂಥ ಗೂಡನ್ನು ಒಡೆಯುವುದು ಅನವಶ್ಯಕ, ರೈತನ ಮನೆಯಲ್ಲಂತೂ ನಷ್ಟ.

ಎಚ್ಚರ ಬೇಕಾದದ್ದು ಗುಂಪಾಗಿ ಬಾಳುವ ಕಾಗದದ ಕಣಜದ ವಿಷಯದಲ್ಲಿ. ಇದು ಮರದ ನಾರನ್ನು ಅಗಿದು, ಜೊಲ್ಲಿನೊಂದಿಗೆ ಕಲಸಿ, ಕಾಗದದಂಥ ತೆಳು ಪದರಿನ ಆರು ಮೂಲೆಯ ಕೋಶಗಳನ್ನು ಒಂದು ಸಣ್ಣ ತೊಟ್ಟಿನಿಂದ ಜೋತುಬಿಡುತ್ತದೆ. ದಕ್ಷಿಣ ಭಾರತದಲ್ಲಿ ಹೇರಳವಾಗಿರುವ ರೊಪಾಲಿಡಿಯಾ ಮಾರ್ಜಿನೇಟಾ ಎಂಬ ಇಂಥ ಕಣಜವನ್ನು ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ರಾಘವೇಂದ್ರ ಗದಗ್ಕರ್ ದಶಕಗಳ ಕಾಲ ಅಭ್ಯಸಿಸಿ 2001ರಲ್ಲಿ ಗ್ರಂಥವೊಂದನ್ನು ಪ್ರಕಟಿಸಿದರು. ಈ ಕಣಜ ವರ್ಷದ ಯಾವ ತಿಂಗಳಲ್ಲಾದರೂ ಹೊಸ ಗೂಡು ಆರಂಭಿಸುತ್ತದೆ; ರಾಣಿ ಇಲ್ಲವಾದರೆ ಅದೇ ಗೂಡಿನ ಇನ್ನೊಂದು ಹೆಣ್ಣು ಆ ಸ್ಥಾನಕ್ಕೆ ಬರುತ್ತದೆ. ಆದ್ದರಿಂದ ಚಳಿಗಾಲದವರೆಗೆ ಕಾದರೆ ಗೂಡು ತಾನಾಗಿ ಬರಿದಾಗುವುದೆಂಬ ಶೀತ ದೇಶಗಳ ಸಲಹೆಯನ್ನು ಮಲಪ್ರಭಾ ನದಿಯ ದಂಡೆಯ ರಾಮದುರ್ಗದಲ್ಲಿ ನಂಬಿ ಕೂಡುವಂತಿಲ್ಲ. ಹಾಗಿದ್ದೂ, ಓಡಾಟವಿಲ್ಲದ ಎತ್ತರದ ಮೂಲೆಯಲ್ಲಿರುವ ಗೂಡನ್ನು ಅದರ ಪಾಡಿಗೆ ಬಿಡುವುದೇ ಲೇಸು.

ಬಾಗಿಲ ಮೇಲೆ, ಮಕ್ಕಳು ಆಡುವೆಡೆಯಲ್ಲಿ ಅಥವಾ ದನ ಕಟ್ಟುವ ಕಡೆ ಗೂಡು ತೊಡಗಿದ್ದರೆ, ನಾಲ್ಕಾರು ಕೋಶಗಳಿದ್ದಾಗಲೇ, ಕತ್ತಲಾಗಿ ಹುಳುಗಳ ಹಾರಾಟ ನಿಂತ ಮೇಲೆ, ಮೈತುಂಬ ದಪ್ಪ ಬಟ್ಟೆ ತೊಟ್ಟು, ನೆಲದ ಮೇಲೆ ನಿಂತೇ ಉದ್ದನೆಯ ಕೋಲಿನಿಂದ ಅದನ್ನು ಬೀಳಿಸಿ ಕೂಡಲೇ ದೂರ ಸರಿಯಬೇಕು. ಏಣಿಯ ಮೇಲಿದ್ದವನಿಗೆ ಕುಟುಕಿಗಿಂತ ಬೀಳುವ ಭಯವೇ ದೊಡ್ಡದು. ಬೆಳೆದ ಗೂಡಿಗೂ, ದೊಡ್ಡ ಗಾತ್ರದ ಪಟ್ಟೆ ಕಣಜದ ಗೂಡಿಗೂ ಮನೆಯವರು ಕೈಹಾಕಬಾರದು, ಅದು ಬಲ್ಲವರ ಕೆಲಸ. ಸೀಮೆಎಣ್ಣೆಯಲ್ಲಿ ಅದ್ದಿದ ಬಟ್ಟೆಯನ್ನು ಕೋಲಿಗೆ ಸುತ್ತಿ ಗೂಡು ಸುಡುವ ರೂಢಿಯನ್ನಂತೂ ಪೂರ್ತಿ ಬಿಡಬೇಕು, ಏಕೆಂದರೆ ಕೊಟ್ಟಿಗೆಯ ಪಕ್ಕದಲ್ಲಿಯೇ ಜೋಳದ ಕಣಿಕೆಯ ಬಣವೆ ಇರುವ ಮನೆಯಲ್ಲಿ ಒಂದು ಕಿಡಿ ಸಾಕು.

ಜೇನುಹುಳು ತನ್ನ ಮುಳ್ಳನ್ನು ಚರ್ಮದಲ್ಲಿಯೇ ಬಿಟ್ಟು ಸಾಯುತ್ತದೆ. ಕಣಜದ ಮುಳ್ಳು ನುಣುಪಾಗಿರುವುದರಿಂದ ಅದು ಮತ್ತೆ ಮತ್ತೆ ಕುಟುಕಬಲ್ಲದು. ಒಂದೆರಡು ಕುಟುಕಿಗೆ ಸಾಬೂನು ನೀರಿನಿಂದ ತೊಳೆದು ತಣ್ಣನೆಯ ಬಟ್ಟೆ ಇಡುವುದು ಸಾಮಾನ್ಯವಾಗಿ ಸಾಕಾಗುತ್ತದೆ. ಆದರೆ ಮುಖ ಅಥವಾ ನಾಲಿಗೆ ಊದಿದರೆ, ಉಸಿರು ಕಟ್ಟಿದರೆ, ತಲೆ ಸುತ್ತಿದರೆ, ಅದು ವಿಷಕ್ಕೆ ದೇಹ ಮಿತಿಮೀರಿ ಪ್ರತಿಕ್ರಿಯಿಸುವ ತೀವ್ರ ಅಲರ್ಜಿಯ ಲಕ್ಷಣ. ಮೈತುಂಬ ಕುಟುಕಿಸಿಕೊಂಡವರಿಗೆ ಮೂತ್ರಪಿಂಡಕ್ಕೂ ಹಾನಿಯಾಗಬಹುದು. ಇಂಥ ಸಂದರ್ಭದಲ್ಲಿ ಸುಣ್ಣ ಹಚ್ಚುತ್ತ ಹೊತ್ತು ಕಳೆಯದೆ 108ಕ್ಕೆ ಕರೆಮಾಡಿ ಕುಟುಕಿಸಿಕೊಂಡವರನ್ನು ತಕ್ಷಣ ಆಸ್ಪತ್ರೆಗೆ ಸೇರಿಸಬೇಕು.