ಗೋಣಿಚೀಲದಲ್ಲಿ ಮೊಸಳೆಯ ತಲೆ

ಇಳಿತದ ಹೊತ್ತು. ಕಾಂಡ್ಲಾ ಬೇರುಗಳ ನಡುವೆ ಕಾಲಿಟ್ಟರೆ ಕೆಸರು ಮೊಣಕಾಲಿನವರೆಗೂ ಎಳೆದುಕೊಳ್ಳುತ್ತದೆ. ಇದು 1996. ಆಸ್ಟ್ರೇಲಿಯಾದ ಉತ್ತರದಂಚು, ಅರ್ನ್‌ಹೆಮ್ ಲ್ಯಾಂಡಿನ ಬ್ಲೂ ಮಡ್ ಕೊಲ್ಲಿ. ಬ್ಯಾರಮುಂಡಿ ಮೀನಿಗಾಗಿ ಯಾರೋ ಕದ್ದು ಹೂಡಿದ್ದ ಬಿಡಾರ ಎದುರಿಗಿದೆ. ಅಲ್ಲೊಂದು ಗೋಣಿಚೀಲ. ಬಾಯಿ ಬಿಚ್ಚಿದರೆ, ಕಡಿದ ಮೊಸಳೆಯ ತಲೆ.

ನಿಮಗೆ ಅದು ಸತ್ತ ಪ್ರಾಣಿ. ಇಲ್ಲಿನ ಯೋಲ್ಙು ಜನರಲ್ಲಿ ಮದರ್ಪಾ ಕುಲದವರಿಗೆ ಅದು ಬಾರೂ, ಮೊಸಳೆರೂಪದ ಮೂಲಪುರುಷ. ಬೆನ್ನಿಗೆ ಬೆಂಕಿ ಹತ್ತಿ ಸಮುದ್ರಕ್ಕೆ ಧುಮುಕಿದವನು. ಆ ಬೆಂಕಿ ನೀರಿನಡಿ ಇನ್ನೂ ಉರಿಯುತ್ತಿದೆ. ಬಿಡಾರ ಎದ್ದಿದ್ದು ಅವನ ನೆಲೆಯಲ್ಲೇ.

ಯೋಲ್ಙು ಕಾನೂನಿಗೆ 'ರೊಮ್' ಎಂದು ಹೆಸರು. ಅದು ಹಾಡಿನಲ್ಲಿದೆ, ಕುಣಿತದಲ್ಲಿದೆ, ಚಿತ್ರದಲ್ಲಿದೆ. ಹಾಗಾಗಿ ಕುಲದ ಮುಖಂಡ ಜಂಬಾವಾ ಮರವಿಲಿ ಮತ್ತು ಸಂಗಡಿಗರು ದೂರು ಕೊಡಲು ಕುಂಚ ಹಿಡಿಯುತ್ತಾರೆ.

ಪಕ್ಕದಲ್ಲಿ ಕೂತು ನೋಡಿ. ಚಪ್ಪಟೆ ಮಾಡಿದ ಮರದ ತೊಗಟೆ. ಕಲ್ಲಿನ ಮೇಲೆ ತೇದ ಕೆಮ್ಮಣ್ಣು, ಹಳದಿಮಣ್ಣು, ಬಿಳಿ ಜೇಡಿ, ಕಪ್ಪು. ಕುಂಚವೆಂದರೆ ಕಡ್ಡಿಗೆ ಕಟ್ಟಿದ ನಾಲ್ಕಾರು ತಲೆಗೂದಲು. ಬಣ್ಣದಲ್ಲಿ ತೊಯ್ದ ಆ ಕೂದಲು ಸದ್ದಿಲ್ಲದೆ ಸರಿಯುತ್ತದೆ. ಒಂದು ಗೆರೆ, ಅದಕ್ಕೆ ಆತು ಇನ್ನೊಂದು. ವಜ್ರಾಕೃತಿಗಳು ಸಾಲುಗಟ್ಟುತ್ತವೆ: ಅದೇ ಬೆಂಕಿ, ಅದೇ ಬೆಂದ ಬೆನ್ನು. ಇದನ್ನು ಕಂಡಕಂಡವರು ಬರೆಯುವಂತಿಲ್ಲ. ಬರೆಯುವ ಹಕ್ಕೇ ಇಲ್ಲಿ ಹಕ್ಕುಪತ್ರ. ಹೀಗೆ 47 ಕಲಾವಿದರು, 80 ತೊಗಟೆಗಳು. ನೆಲ ಇಲ್ಲಿಗೆ ಮುಗಿಯಿತು, ನೀರು ಇಲ್ಲಿಂದ ಎಂಬ ಬೇಲಿ ರೊಮ್‌ಗೆ ಗೊತ್ತಿಲ್ಲ.

ತೊಗಟೆಯ ಅರ್ಜಿ ಇವರಿಗೆ ಹೊಸದೇನಲ್ಲ. ಬಾಕ್ಸೈಟ್ ಗಣಿಯ ವಿರುದ್ಧ 1963ರಲ್ಲೇ ಯೋಲ್ಙು ಊರಾದ ಯಿರ್ಕಾಲಾದವರು ಅದನ್ನು ಸಂಸತ್ತಿಗೆ ಕಳಿಸಿದ್ದರು. ಆಮೇಲೆ ಗಣಿಯ ವಿರುದ್ಧ ಕೋರ್ಟಿಗೂ ಹೋದರು. 1971ರಲ್ಲಿ ನ್ಯಾಯಮೂರ್ತಿ ಬ್ಲ್ಯಾಕ್‌ಬರ್ನ್ ಇವರಿಗೊಂದು ಕಾನೂನಿದೆ ಎಂದು ಒಪ್ಪಿದರು; ಅದರಿಂದ ಭೂಮಿಯ ಒಡೆತನ ಬರದು ಎಂದು ಕೇಸು ವಜಾ ಮಾಡಿದರು.

ಬ್ಲೂ ಮಡ್ ಕೊಲ್ಲಿಯ ನೀರಿನ ಹಕ್ಕಿಗಾಗಿ ಯೋಲ್ಙು ಜನ ನಡೆಸಿದ ವ್ಯಾಜ್ಯ ಮುಗಿದದ್ದು 2008ರ ಜುಲೈ 30ರಂದು, ಆ ದೇಶದ ಸರ್ವೋಚ್ಚ ಪೀಠವಾದ ಹೈಕೋರ್ಟಿನಲ್ಲಿ. ಐವರು ಪರ, ಇಬ್ಬರು ವಿರುದ್ಧ. ಉಬ್ಬರ ಇಳಿತಗಳ ನಡುವಿನ ಪಟ್ಟಿಯಲ್ಲಿ, ಲೈಸೆನ್ಸ್ ಇದ್ದರೂ, ಇವರ ಒಪ್ಪಿಗೆಯಿಲ್ಲದೆ ಮೀನು ಹಿಡಿಯುವಂತಿಲ್ಲ. ಗೆದ್ದರು. ಗೆಲ್ಲಿಸಿದ್ದು ಮಾತ್ರ 1976ರ ಭೂಹಕ್ಕು ಕಾಯ್ದೆ. ಬಾರೂವಿನ ಬೆಂಕಿ ತೀರ್ಪಿನ ಆಧಾರವಾಗಲಿಲ್ಲ. ಕಾಯ್ದೆಯ ಗೆರೆ ಇಳಿತದ ಕೊನೆಯಂಚಿಗೆ ಬಂದು ನಿಂತಿತು.

ಈಗ ನೀವು ನಿಂತಿರುವುದು ಅದೇ ಅಂಚಿನಲ್ಲಿ. ಬೆನ್ನ ಹಿಂದೆ, ಎರಡೂ ಕಾನೂನುಗಳು ಒಪ್ಪಿದ ಕೆಸರು. ಮುಂದೆ, ಬಾರೂ ಧುಮುಕಿದ ನೀರು. ಅಲ್ಲಿ ಪರರನ್ನು ತಡೆಯುವ ಅಧಿಕಾರವನ್ನು ಕೋರ್ಟು ಕೊಟ್ಟಿಲ್ಲ. ಉಬ್ಬರ ಏರುತ್ತಿದೆ. ಪಾದ ಮುಳುಗಿತು, ಕಣಕಾಲು ಮುಳುಗಿತು. ಗೆರೆ ಎಲ್ಲಿತ್ತೆಂದು ತೋರಿಸಲು ಈಗ ನಿಮಗೂ ಆಗದು.