ಬಿಗಿಯ ಪ್ರಮಾಣ

ಹಳಗನ್ನಡ ಬೋಧಿಸುವವನಿಗೆ ಲಾರಿಯ ಡೀಸೆಲ್ ಎಂಜಿನ್ನಿನ ಗೊಡವೆಯೇಕೆಂದು ಓದುಗ ಮಹನೀಯರು ಕೇಳಬಹುದು. ನಮ್ಮ ಹಳೆಯ ವಿದ್ಯಾರ್ಥಿಯೊಬ್ಬನ ಗ್ಯಾರೇಜಿನಲ್ಲಿ ನಾನು ಕಂಡ ಕಾರ್ಯವು ವ್ಯಾಕರಣದಷ್ಟೇ ನಿಷ್ಠುರವಾದುದು.

ಕ್ರ್ಯಾಂಕ್‌ಶಾಫ್ಟನ್ನು ಹಿಡಿದಿಡುವ ಬೇರಿಂಗ್ ಕ್ಯಾಪುಗಳ ರಂಧ್ರವನ್ನು ಬ್ಲಾಕಿನೊಡನೆ ಒಟ್ಟಿಗೇ ಕೊರೆದಿರುವರು; ಆದಕಾರಣ ಸಂಖ್ಯೆ ನೋಡಿ ಆಯಾ ಸ್ಥಾನದಲ್ಲಿಯೇ, ಅದೇ ದಿಕ್ಕಿಗೆ ಕೂಡಿಸಬೇಕು. ಬೋಲ್ಟುಗಳನ್ನು ನಡುವಿನಿಂದ ಎರಡೂ ತುದಿಗಳತ್ತ ಹಂತಹಂತವಾಗಿ ಬಿಗಿಯಬೇಕು.

ಬಿಗಿಯೆಂಬುದು ತೋಳ್ಬಲವಲ್ಲ. ಬೋಲ್ಟು ತುಸುವೇ ಹಿಗ್ಗಿ, ಮರಳಿ ಕುಗ್ಗಲೆಳಸುವ ಸೆಳೆತವೇ ಕ್ಯಾಪನ್ನು ಒತ್ತಿ ಹಿಡಿಯುತ್ತದೆ. ಆದರೆ ಟಾರ್ಕ್ ರೆಂಚಿನಿಂದ ತಿರುಚಿದ ಬಲದಲ್ಲಿ ನೂರಕ್ಕೆ ಸುಮಾರು 90 ಪಾಲು ಬೋಲ್ಟಿನ ತಲೆಯಡಿಯ ಹಾಗೂ ಥ್ರೆಡ್ಡಿನ ಘರ್ಷಣೆಗೇ ಸಂದುಹೋಗುತ್ತದೆ! ಒಣ ಬೋಲ್ಟಿಗೆ ರೆಂಚು ಪೂರ್ಣ ಅಂಕ ತೋರಿದರೂ ಹಿಡಿತ ಸಡಿಲವೇ. ಎಂಜಿನ್ ತಯಾರಕರು ಹೇಳಿದಂತೆ ಎಣ್ಣೆ ಸವರುವುದು ಇದಕ್ಕಾಗಿ. ಅನೇಕ ಎಂಜಿನ್ನುಗಳಲ್ಲಿ ಮೊದಲು ಗೊತ್ತಾದ ಟಾರ್ಕಿಗೆ ಬಿಗಿದು, ಬಳಿಕ 60 ಅಥವಾ 90 ಡಿಗ್ರಿಯಷ್ಟು ಅಳೆದು ತಿರುಗಿಸುವರು. ಘರ್ಷಣೆಯ ಏರಿಳಿತ ಕೋನವನ್ನು ಅಷ್ಟಾಗಿ ಕೆಡಿಸಲಾರದು.

ಪ್ರತಿ ಹಂತದ ಬಳಿಕವೂ ಶಿಷ್ಯನು ಶಾಫ್ಟನ್ನು ಕೈಯಿಂದಲೇ ತಿರುಗಿಸಿ ನೋಡುತ್ತಿದ್ದನು. "ಇಲ್ಲಿ ಹಿಡಿದುಕೊಂಡರೆ ಬಿಚ್ಚಬಹುದು, ಗುರುಗಳೇ; ಘಾಟಿಯ ಏರಿನಲ್ಲಿ ಹಿಡಿದರೆ ಡ್ರೈವರನ ಗತಿಯೇನು?" ಎಂದು ಮುಂದಿನ ಬೋಲ್ಟಿಗೆ ಎಣ್ಣೆ ಸವರಿದನು.